ಫರಸಿಯಿಂದ ಪರಮಾಣುವಿಗೆ: ಕಲಬುರಗಿ ಸೀಮೆಯ ದ್ರವ್ಯಕಲ್ಪನೆಗಳು

1. ಪ್ರವೇಶ

ಕಲಬುರಗಿ ಜಿಲ್ಲೆಯ ಸೇಡಂ, ಚಿತ್ತಾಪುರ, ವಾಡಿ, ಶಹಾಬಾದ ಮತ್ತು ಚಿಂಚೋಳಿಗಳನ್ನು ಒಳಗೊಂಡ ಪ್ರದೇಶವು ಕಲ್ಲಿನ ಸೀಮೆ. ಇಲ್ಲಿಯ ಸುಣ್ಣದಕಲ್ಲಿನ ಪದರುಗಳು 50 ಕೋಟಿ ವರ್ಷಗಳಿಗಿಂತಲೂ ಹಳೆಯವು. ಭೂವಿಜ್ಞಾನಿಗಳು ಈ ಶಿಲಾಸಮೂಹಕ್ಕೆ 'ಭೀಮಾ ಸಮೂಹ' ಎಂದು ಹೆಸರಿಟ್ಟು, ಅದರ ಒಂದು ಉಪಸಮೂಹವನ್ನು ಸೇಡಂ ಹೆಸರಿನಿಂದಲೂ, ಅದರೊಳಗಿನ ಸುಣ್ಣದಕಲ್ಲಿನ ಸ್ತರವನ್ನು ಶಹಾಬಾದದ ಹೆಸರಿನಿಂದಲೂ ಗುರುತಿಸಿದ್ದಾರೆ. ಚಿಂಚೋಳಿಯ ಕಡೆಗೆ ಹೋದಂತೆ ಇದರ ಮೇಲೆ ದಖನ್ನಿನ ಕಪ್ಪುಶಿಲೆಯೂ ಅದರ ನೆತ್ತಿಯಲ್ಲಿ ಕೆಂಪು ಜಂಬಿಟ್ಟಿಗೆಯೂ ಕಾಣಿಸಿಕೊಳ್ಳುತ್ತವೆ. ಶಹಾಬಾದದ ಗಣಿಯಲ್ಲಿ ಕಲ್ಲನ್ನು ಪದರು ಪದರಾಗಿ ಎಬ್ಬಿಸಿ ಫರಸಿ ಮಾಡುತ್ತಾರೆ. ವಾಡಿ, ಸೇಡಂಗಳ ಸಿಮೆಂಟ್ ಕಾರ್ಖಾನೆಗಳಲ್ಲಿ ಅದೇ ಕಲ್ಲನ್ನು ಅರೆದು ಹಿಟ್ಟು ಮಾಡಿ ಸುಡುತ್ತಾರೆ.

ಹೀಗೆ ಒಡೆಯುವುದೇ ಬದುಕಾದ ಸೀಮೆಯಲ್ಲಿ ಒಂದು ಪ್ರಶ್ನೆ ಸಹಜವಾಗಿಯೇ ಹುಟ್ಟುತ್ತದೆ. ಒಂದು ವಸ್ತುವನ್ನು ಎಲ್ಲಿಯವರೆಗೆ ಒಡೆಯಬಹುದು? ಒಡೆಯುವಿಕೆ ಎಲ್ಲಿ ನಿಲ್ಲುತ್ತದೆ, ಏಕೆ ನಿಲ್ಲುತ್ತದೆ? ಈ ಪ್ರಶ್ನೆಗೆ ಇದೇ ನೆಲದಲ್ಲಿ ಬೇರೆ ಬೇರೆ ಕಾಲಗಳಲ್ಲಿ ಬೇರೆ ಬೇರೆ ಉತ್ತರಗಳು ದೊರೆತಿವೆ. ಮಳಖೇಡದ ಜೈನಪರಂಪರೆಯ ಪರಮಾಣು ಒಂದು. ತತ್ತ್ವಪದಕಾರರ ಪಂಚೀಕರಣ ಇನ್ನೊಂದು. ಇಂದಿನ ಭೌತವಿಜ್ಞಾನದ ಮೂಲಕಣಗಳು ಮತ್ತೊಂದು. ಈ ಮೂರೂ ಒಂದೇ ಸತ್ಯದ ಮೂರು ಹೆಸರುಗಳೆಂದು ಹೇಳುವ ರೂಢಿಯು ನಮ್ಮ ಸಂಗ್ರಹ ಗ್ರಂಥಗಳಲ್ಲಿಯೂ ಭಾಷಣಗಳಲ್ಲಿಯೂ ಬೆಳೆದುಬಂದಿದೆ. ಈ ಮೂರು ಉತ್ತರಗಳು ನಿಲ್ಲುವ ಜಾಗಗಳು ಬೇರೆ, ನಿಲ್ಲುವ ಕಾರಣಗಳೂ ಬೇರೆ ಎಂಬುದನ್ನು ವಿವರಿಸುವುದು ಪ್ರಸ್ತುತ ಲೇಖನದ ಉದ್ದೇಶ.

2. ಮಳಖೇಡದ ಪರಮಾಣು

ಸೇಡಂ ತಾಲ್ಲೂಕಿನಲ್ಲಿ ಕಾಗಿಣಾ ನದಿಯ ದಡದಲ್ಲಿರುವ ಮಳಖೇಡವು ರಾಷ್ಟ್ರಕೂಟರ ರಾಜಧಾನಿಯಾಗಿದ್ದ ಮಾನ್ಯಖೇಟ. ಒಂಬತ್ತನೆಯ ಶತಮಾನದಲ್ಲಿ ಅಮೋಘವರ್ಷ ನೃಪತುಂಗನ ಆಶ್ರಯದಲ್ಲಿ ಜಿನಸೇನರಂತಹ ಆಚಾರ್ಯರೂ 'ಗಣಿತಸಾರಸಂಗ್ರಹ'ವನ್ನು ರಚಿಸಿದ ಮಹಾವೀರಾಚಾರ್ಯನೂ ಇದ್ದರು. ಹತ್ತನೆಯ ಶತಮಾನದಲ್ಲಿ ಅಪಭ್ರಂಶ ಕವಿ ಪುಷ್ಪದಂತನು ತನ್ನ ಮಹಾಪುರಾಣವನ್ನು ಬರೆದದ್ದೂ ಇಲ್ಲಿಯೇ. ಈ ಪರಂಪರೆಗೆ ಆಧಾರವಾಗಿದ್ದ ಶಾಸ್ತ್ರಗಳಲ್ಲಿ ಉಮಾಸ್ವಾತಿಯ 'ತತ್ತ್ವಾರ್ಥಸೂತ್ರ'ವು ಮುಖ್ಯವಾದುದು. ಅದರ ಐದನೆಯ ಅಧ್ಯಾಯದಲ್ಲಿ ದ್ರವ್ಯದ ರಚನೆಯ ವಿಚಾರ ವಿಸ್ತಾರವಾಗಿ ಬಂದಿದೆ.

ಅದರಂತೆ ಜಗತ್ತಿನ ಜಡದ್ರವ್ಯಕ್ಕೆ ಪುದ್ಗಲವೆಂದು ಹೆಸರು. ಸ್ಪರ್ಶ, ರಸ, ಗಂಧ, ವರ್ಣಗಳು ಅದರ ಗುಣಗಳು. ಪುದ್ಗಲವು ಅಣು ಮತ್ತು ಸ್ಕಂಧವೆಂದು ಎರಡು ಬಗೆ. ಸ್ಕಂಧಗಳು ಕೂಡುವುದರಿಂದಲೂ ಒಡೆಯುವುದರಿಂದಲೂ ಉಂಟಾಗುತ್ತವೆ; ಅಣುವಾದರೋ ಒಡೆಯುವುದರಿಂದ ಮಾತ್ರ ದೊರೆಯುತ್ತದೆ. ಪರಮಾಣುಗಳು ಒಂದಕ್ಕೊಂದು ಬೆಸೆದುಕೊಳ್ಳಲು ಸ್ನಿಗ್ಧತೆ ಮತ್ತು ರೂಕ್ಷತೆ, ಅಂದರೆ ಜಿಗುಟು ಮತ್ತು ಒರಟುತನ, ಕಾರಣ. ಈ ಗುಣಗಳಿಗೆ ಅಂಶಗಳ ಲೆಕ್ಕವಿದೆ. ಕನಿಷ್ಠ ಅಂಶದ ಪರಮಾಣುಗಳು ಬೆಸೆಯಲಾರವು. ದಿಗಂಬರ ವ್ಯಾಖ್ಯಾನದಂತೆ ಅಂಶಗಳಲ್ಲಿ ಎರಡರ ಅಂತರವಿದ್ದಾಗ ಬಂಧವು ಏರ್ಪಡುತ್ತದೆ.

ಇಲ್ಲಿ ಗಮನಿಸಬೇಕಾದ ಸಂಗತಿಗಳು ಎರಡು. ಮೊದಲನೆಯದಾಗಿ, ನ್ಯಾಯ-ವೈಶೇಷಿಕರು ಭೂಮಿ, ನೀರು, ತೇಜಸ್ಸು, ವಾಯುಗಳಿಗೆ ಬೇರೆ ಬೇರೆ ಜಾತಿಯ ಪರಮಾಣುಗಳನ್ನು ಹೇಳಿದರೆ, ಜೈನರು ಎಲ್ಲ ಪರಮಾಣುಗಳೂ ಮೂಲತಃ ಒಂದೇ ಜಾತಿಯವೆಂದು ಭಾವಿಸಿದರು. ಎರಡನೆಯದಾಗಿ, ಜೈನರಿಗೆ ಕರ್ಮವೂ ಪುದ್ಗಲವೇ. ಅತಿಸೂಕ್ಷ್ಮವಾದ ದ್ರವ್ಯವು ಜೀವನಿಗೆ ಅಂಟಿಕೊಳ್ಳುವುದೇ ಬಂಧ, ಅದು ಉದುರಿಹೋಗುವುದೇ ನಿರ್ಜರೆ. ಆದ್ದರಿಂದ ದ್ರವ್ಯವು ಹೇಗೆ ಅಂಟುತ್ತದೆ, ಹೇಗೆ ಬಿಡುತ್ತದೆ ಎಂಬ ವಿಚಾರವು ಅವರಿಗೆ ಬಿಡುಗಡೆಯ ವಿಚಾರವೇ ಆಗಿತ್ತು. ಅವರ ವಿಭಜನೆಯು ಪರಮಾಣುವಿನಲ್ಲಿ ನಿಂತುದಕ್ಕೆ ತರ್ಕದ ಕಾರಣದೊಂದಿಗೆ ಮೋಕ್ಷಮಾರ್ಗದ ಕಾರಣವೂ ಸೇರಿತ್ತು.

ಈ ಚರ್ಚೆ ಜೈನರಿಗೆ ಮಾತ್ರ ಸೀಮಿತವಾಗಿರಲಿಲ್ಲ. ಚಿತ್ತಾಪುರದ ಸಮೀಪದ ನಾಗಾವಿಯ ಘಟಿಕಾಸ್ಥಾನದಲ್ಲಿ ವೇದಗಳೊಂದಿಗೆ ಭಟ್ಟದರ್ಶನ, ಪ್ರಭಾಕರ ಮತ್ತು ನ್ಯಾಯಶಾಸ್ತ್ರಗಳನ್ನು ಕಲಿಸಲು ಉಪಾಧ್ಯಾಯರಿದ್ದರೆಂದೂ ಗ್ರಂಥಗಳನ್ನು ನೋಡಿಕೊಳ್ಳಲು ಸರಸ್ವತೀ ಭಂಡಾರಿಗರಿದ್ದರೆಂದೂ 1058ರ ಶಾಸನವು ತಿಳಿಸುತ್ತದೆ. ನ್ಯಾಯವನ್ನು ಓದುವವನಿಗೆ ದ್ವ್ಯಣುಕ, ತ್ರ್ಯಣುಕಗಳ ಪರಿಚಯವಾಗದೆ ಇರದು. ಕಿಂಡಿಯಿಂದ ಬಿದ್ದ ಬಿಸಿಲುಕೋಲಿನಲ್ಲಿ ತೇಲುವ ಧೂಳಿನ ಕಣವೇ ಕಣ್ಣಿಗೆ ಕಾಣುವ ಅತಿ ಚಿಕ್ಕ ವಸ್ತುವೆಂದೂ, ಅದು ಮೂರು ದ್ವ್ಯಣುಕಗಳಿಂದ ಆದುದೆಂದೂ ಆ ಶಾಸ್ತ್ರವು ಹೇಳುತ್ತದೆ. ಇತ್ತ ಮಳಖೇಡದಲ್ಲಿಯೇ ತಮ್ಮ ಟೀಕಾಚಾರ್ಯ ಜಯತೀರ್ಥರ ವೃಂದಾವನವಿದೆಯೆಂದು ಉತ್ತರಾದಿ ಮಠದ ಸಂಪ್ರದಾಯವು ನಂಬುತ್ತದೆ. ಅವರು ವ್ಯಾಖ್ಯಾನಿಸಿದ ಬ್ರಹ್ಮಸೂತ್ರ ಪರಂಪರೆಯು ಪರಮಾಣುವೇ ಜಗತ್ಕಾರಣವೆಂಬ ವಾದವನ್ನು ಖಂಡಿಸುತ್ತದೆ. ಅಂದರೆ ಪರಮಾಣುವೆಂಬುದು ಈ ಸೀಮೆಯ ವಿದ್ವಾಂಸರು ತಲೆದೂಗಿ ಒಪ್ಪಿಕೊಂಡ ಏಕಾಭಿಪ್ರಾಯವಲ್ಲ, ಶತಮಾನಗಳ ಕಾಲ ನಡೆದ ವಾದ. 'ನಮ್ಮ ಪೂರ್ವಿಕರು ಹೀಗೆ ತಿಳಿದಿದ್ದರು' ಎಂದು ಏಕವಾಕ್ಯದಲ್ಲಿ ಹೇಳುವಾಗ ಮೊದಲು ಮರೆಯಾಗುವುದು ಈ ವಾದವೇ.

3. ತತ್ತ್ವಪದದ ಪಂಚೀಕರಣ

ಶಾಸ್ತ್ರದ ಪರಮಾಣು ಜನಸಾಮಾನ್ಯರ ಮಾತಿನಲ್ಲಿ 'ಅಣುರೇಣುತೃಣಕಾಷ್ಠ' ಎಂಬ ನುಡಿಗಟ್ಟಾಗಿ ಉಳಿದಿದೆ. ಅಲ್ಲಿ ಅಣುವೆಂದರೆ ಕಟ್ಟಡದ ಇಟ್ಟಿಗೆಯಲ್ಲ. ದೇವರು ಇಲ್ಲದ ಜಾಗವಿಲ್ಲ ಎನ್ನಲು ಬಳಸುವ ಅತಿಚಿಕ್ಕ ಅಳತೆ. ಜನಪದ ಗಾಯಕರು ದೇಹವನ್ನೂ ಜಗತ್ತನ್ನೂ ಬಿಡಿಸಿ ನೋಡಲು ಬಳಸಿದ ಚೌಕಟ್ಟು ಬೇರೆಯದು. ಅದೇ ಪಂಚೀಕರಣ.

ಕಡಕೋಳ ಮಡಿವಾಳಪ್ಪನವರ ಪರಂಪರೆಯಿಂದ ಮೊದಲುಗೊಂಡು ಈ ಜಿಲ್ಲೆಯ ತತ್ತ್ವಪದ ಸಂಪ್ರದಾಯವು ಹಿಂದೂ ಮುಸ್ಲಿಂ ಭೇದವಿಲ್ಲದೆ ಬೆಳೆದಿದೆ. ಏಕತಾರಿ, ದಮ್ಮಡಿ, ತಾಳಗಳೊಡನೆ ರಾತ್ರಿಯಿಡೀ ನಡೆಯುವ ಭಜನೆಗಳಲ್ಲಿ ಇಪ್ಪತ್ತೈದು ತತ್ತ್ವಗಳ ಎಣಿಕೆಯು ಮತ್ತೆ ಮತ್ತೆ ಬರುತ್ತದೆ. ಚನ್ನಬಸವಣ್ಣನವರ 'ಕರಣಹಸಿಗೆ', ನಿಜಗುಣ ಶಿವಯೋಗಿಗಳ 'ವಿವೇಕಚಿಂತಾಮಣಿ' ಮೊದಲಾದ ಗ್ರಂಥಗಳ ವಿಚಾರವು ಹಾಡಿನ ಮೂಲಕ ಅಕ್ಷರ ಬಾರದವರ ನಾಲಗೆಗೂ ಇಳಿದಿದೆ.

ವೇದಾಂತದ ಪಂಚೀಕರಣದ ಲೆಕ್ಕವು ಸರಳವಾದುದು. ಪ್ರತಿಯೊಂದು ಸೂಕ್ಷ್ಮಭೂತವೂ ಎರಡು ಪಾಲಾಗುತ್ತದೆ. ಒಂದು ಅರ್ಧವು ತಾನೇ ಆಗಿ ಉಳಿಯುತ್ತದೆ. ಇನ್ನೊಂದು ಅರ್ಧವು ನಾಲ್ಕಾಗಿ ಒಡೆದು ಉಳಿದ ನಾಲ್ಕು ಭೂತಗಳಿಗೆ ಹಂಚಿಹೋಗುತ್ತದೆ. ಹೀಗಾಗಿ ನಾವು ಕಾಣುವ ಮಣ್ಣಿನಲ್ಲಿ ಅರ್ಧ ಪೃಥ್ವಿಯಿದ್ದರೆ, ನೀರು, ಬೆಂಕಿ, ಗಾಳಿ, ಆಕಾಶಗಳು ಎಂಟರಲ್ಲೊಂದು ಪಾಲಿನಂತೆ ಸೇರಿರುತ್ತವೆ. ದೇಹಕ್ಕೆ ಬಂದರೆ ಈ ಬೆರಕೆಯಿಂದ ಐದೈದರಂತೆ ಇಪ್ಪತ್ತೈದು ತತ್ತ್ವಗಳು. ಎಲುಬು, ಮಾಂಸ, ಚರ್ಮ, ನರ, ರೋಮಗಳು ಪೃಥ್ವಿಯಿಂದ. ಹಸಿವು, ನೀರಡಿಕೆ, ನಿದ್ದೆ, ಆಲಸ್ಯ, ಸಂಗಗಳು ಅಗ್ನಿಯಿಂದ. ರಾಗ, ದ್ವೇಷ, ಭಯ, ಲಜ್ಜೆ, ಮೋಹಗಳು ಆಕಾಶದಿಂದ.

ಈ ಪಟ್ಟಿಯಲ್ಲಿ ಎಲುಬಿನ ಪಕ್ಕದಲ್ಲಿಯೇ ನಾಚಿಕೆಯೂ ಹಸಿವೆಯೂ ಬರುವುದನ್ನು ಗಮನಿಸಬೇಕು. ಇದು ಜಡವಸ್ತುವಿನ ವಿಶ್ಲೇಷಣೆ ಮಾತ್ರವಲ್ಲ. 'ಇದು ನನ್ನದು, ಇದೇ ನಾನು' ಎಂದು ಹಿಡಿದುಕೊಂಡ ದೇಹವನ್ನು ಒಂದೊಂದಾಗಿ ಬಿಚ್ಚಿ, ಕೊಟ್ಟವರಿಗೆ ಹಿಂದಿರುಗಿಸಿ, ಉಳಿಯುವುದೇನೆಂದು ಕೇಳಿಸುವ ಸಾಧನ. ಐದು ಎಂಬ ಸಂಖ್ಯೆಯಲ್ಲಿ ವಿಭಜನೆ ನಿಲ್ಲುವುದಕ್ಕೂ ಇಂದ್ರಿಯಗಳು ಐದಾಗಿರುವುದಕ್ಕೂ ಸಂಬಂಧವಿದೆ. ಅನುಭವಿಸುವ ದೇಹವನ್ನು ಬಿಡಿಸಲು ಅಷ್ಟು ಸಾಕು. ಆರನೆಯ ಭೂತವೊಂದು ಸಿಕ್ಕಿದರೆ ತತ್ತ್ವಪದಕಾರನ ಕೆಲಸಕ್ಕೆ ಲಾಭವೂ ಇಲ್ಲ, ನಷ್ಟವೂ ಇಲ್ಲ.

4. ಒಂದು ಫರಸಿಯ ಲೆಕ್ಕ

ಈಗ ಆಧುನಿಕ ವಿಜ್ಞಾನದ ಉತ್ತರವನ್ನು ಇದೇ ನೆಲದ ಕಲ್ಲಿನಿಂದಲೇ ನೋಡೋಣ. ಶಹಾಬಾದದ ಕಲ್ಲಿನ ಮುಖ್ಯ ಖನಿಜವು ಕ್ಯಾಲ್ಸಿಯಂ ಕಾರ್ಬೊನೇಟ್. ಅದರ ಒಂದು ಘಟಕದಲ್ಲಿ ಕ್ಯಾಲ್ಸಿಯಂ ಒಂದು, ಇಂಗಾಲ ಒಂದು, ಆಮ್ಲಜನಕ ಮೂರು, ಹೀಗೆ ಐದು ಪರಮಾಣುಗಳಿವೆ. 100 ಗ್ರಾಂ ಶುದ್ಧ ಖನಿಜದಲ್ಲಿ ಇಂತಹ ಘಟಕಗಳ ಸಂಖ್ಯೆಯನ್ನು ಬರೆಯಲು 6ರ ಮುಂದೆ 23 ಸೊನ್ನೆಗಳನ್ನು ಇಡಬೇಕು.

ಈ ಪರಮಾಣುಗಳು ಹೆಸರಿಗೆ ಪರಮಾಣುಗಳಾದರೂ ಅವಿಭಾಜ್ಯವಲ್ಲ. 1897ರಲ್ಲಿ ಜೆ.ಜೆ. ಥಾಮ್ಸನ್ ಎಲೆಕ್ಟ್ರಾನನ್ನು ಗುರುತಿಸಿದರು. 1911ರಲ್ಲಿ ರುದರ್‌ಫರ್ಡ್ ಪರಮಾಣುವಿನ ನಡುವೆ ಅತಿ ಚಿಕ್ಕದಾದ, ಆದರೆ ಹೆಚ್ಚುಕಡಿಮೆ ಎಲ್ಲ ತೂಕವನ್ನೂ ಹೊತ್ತ ಬೀಜಕೇಂದ್ರವಿದೆಯೆಂದು ತೋರಿಸಿದರು. 1932ರಲ್ಲಿ ಚಾಡ್‌ವಿಕ್ ನ್ಯೂಟ್ರಾನನ್ನು ಕಂಡುಹಿಡಿದರು. ಬೀಜಕೇಂದ್ರದಲ್ಲಿ ಪ್ರೋಟಾನ್ ಮತ್ತು ನ್ಯೂಟ್ರಾನ್‌ಗಳೂ ಸುತ್ತ ಎಲೆಕ್ಟ್ರಾನ್‌ಗಳೂ ಇವೆಯೆಂಬ ಚಿತ್ರ ಹೀಗೆ ಮೂಡಿತು. ಪ್ರೋಟಾನ್, ನ್ಯೂಟ್ರಾನ್‌ಗಳೂ ಕ್ವಾರ್ಕ್‌ಗಳಿಂದಾದವು ಎಂದು 1964ರಲ್ಲಿ ಗೆಲ್‌ಮನ್ ಮತ್ತು ಝ್ವೈಗ್ ಪ್ರತ್ಯೇಕವಾಗಿ ಸೂಚಿಸಿದರು. ಆ ದಶಕದ ಕೊನೆಯಲ್ಲಿ ಅಮೆರಿಕದ ಸ್ಟ್ಯಾನ್‌ಫರ್ಡ್‌ನಲ್ಲಿ ನಡೆದ ಪ್ರಯೋಗಗಳು ಅದಕ್ಕೆ ಆಧಾರವನ್ನು ಒದಗಿಸಿದವು. ಪ್ರೋಟಾನಿನಲ್ಲಿ ಎರಡು 'ಅಪ್' ಹಾಗೂ ಒಂದು 'ಡೌನ್' ಕ್ವಾರ್ಕ್, ನ್ಯೂಟ್ರಾನಿನಲ್ಲಿ ಒಂದು 'ಅಪ್' ಹಾಗೂ ಎರಡು 'ಡೌನ್' ಕ್ವಾರ್ಕ್ ಇರುತ್ತವೆ.

ಈ ಲೆಕ್ಕವನ್ನು ನಮ್ಮ ಫರಸಿಗೆ ಅನ್ವಯಿಸಿದರೆ ಕುತೂಹಲಕರವಾದ ಸಮತೆ ಕಾಣುತ್ತದೆ. ಕ್ಯಾಲ್ಸಿಯಂನಲ್ಲಿ 20, ಇಂಗಾಲದಲ್ಲಿ 6, ಮೂರು ಆಮ್ಲಜನಕಗಳಲ್ಲಿ ಒಟ್ಟು 24, ಹೀಗೆ ಒಂದು ಘಟಕದಲ್ಲಿ 50 ಪ್ರೋಟಾನ್‌ಗಳು. ಈ ಮೂಲವಸ್ತುಗಳ ಸಾಮಾನ್ಯ ರೂಪಗಳಲ್ಲಿ ನ್ಯೂಟ್ರಾನ್‌ಗಳೂ 50, ಎಲೆಕ್ಟ್ರಾನ್‌ಗಳೂ 50. ಕ್ವಾರ್ಕ್‌ಗಳಾಗಿ ಎಣಿಸಿದರೆ ಅಪ್ 150, ಡೌನ್ 150. ಸೇಡಂನ ಕಲ್ಲು, ಚಿಂಚೋಳಿಯ ಕೆಂಪುಮಣ್ಣು, ಹೊಲದ ತೊಗರಿ, ಅದನ್ನು ಬೆಳೆದವರ ಕೈ, ಎಲ್ಲವೂ ಈ ಮೂರೇ ಬಗೆಯ ಕಣಗಳ ಬೇರೆ ಬೇರೆ ಜೋಡಣೆಗಳು.

ಪ್ರಕೃತಿಯಲ್ಲಿ ಒಟ್ಟು ಆರು ಬಗೆಯ ಕ್ವಾರ್ಕ್‌ಗಳೂ, ಎಲೆಕ್ಟ್ರಾನ್ ಮತ್ತು ನ್ಯೂಟ್ರಿನೊಗಳು ಸೇರಿದ ಆರು ಬಗೆಯ ಲೆಪ್ಟಾನ್‌ಗಳೂ ಇವೆ. ಫೋಟಾನ್, ಗ್ಲುಆನ್, ಡಬ್ಲ್ಯು ಮತ್ತು ಝಡ್ ಎಂಬ ಕಣಗಳು ಬಲಗಳನ್ನು ಸಾಗಿಸುತ್ತವೆ. 2012ರ ಜುಲೈ 4ರಂದು ಜಿನೀವಾದ ಬಳಿಯ ಸರ್ನ್ ಸಂಸ್ಥೆಯು ಹಿಗ್ಸ್ ಕಣದ ಪತ್ತೆಯನ್ನು ಪ್ರಕಟಿಸಿತು. ಬೋಸಾನ್ ಎಂಬ ಜಾತಿವಾಚಕವು ನಮ್ಮ ಸತ್ಯೇಂದ್ರನಾಥ ಬೋಸ್ ಅವರ ಹೆಸರಿನಿಂದ ಬಂದುದೆಂಬುದು ಪ್ರಸಿದ್ಧ.

ಆದರೆ 'ಇಟ್ಟಿಗೆ' ಎಂಬ ಉಪಮೆ ಇಲ್ಲಿ ಪೂರ್ತಿ ಸಲ್ಲದು. ಗೋಡೆಯ ತೂಕವು ಇಟ್ಟಿಗೆಗಳ ತೂಕದ ಮೊತ್ತಕ್ಕೆ ಸಮ. ಪ್ರೋಟಾನಿನಲ್ಲಿಯಾದರೋ ಮೂರು ಕ್ವಾರ್ಕ್‌ಗಳ ಸ್ವಂತ ದ್ರವ್ಯರಾಶಿಯನ್ನು ಕೂಡಿಸಿದರೆ ಒಟ್ಟಿನ ಶೇಕಡಾ ಒಂದರಷ್ಟು ಮಾತ್ರ ಆಗುತ್ತದೆ. ಉಳಿದುದು ಅವುಗಳನ್ನು ಕಟ್ಟಿಹಿಡಿದಿರುವ ಶಕ್ತಿ ಮತ್ತು ಚಲನೆಗಳಿಂದ ಬರುತ್ತದೆ. ಫರಸಿಯ ಭಾರದಲ್ಲಿ ಬಹುಪಾಲು ಕಣಗಳದ್ದಲ್ಲ, ಕಣಗಳ ನಡುವಿನ ಕಟ್ಟಿನದು. ಇದಲ್ಲದೆ ಈ ಬಗೆಯ ಸಾಮಾನ್ಯ ದ್ರವ್ಯವು ವಿಶ್ವದ ಒಟ್ಟು ಶಕ್ತಿಯಲ್ಲಿ ಶೇಕಡಾ 5ರಷ್ಟು ಮಾತ್ರ. ಸುಮಾರು 27ರಷ್ಟು ಇನ್ನೂ ಸ್ವರೂಪ ತಿಳಿಯದ ಕಪ್ಪುದ್ರವ್ಯ, ಸುಮಾರು 68ರಷ್ಟು ಕಪ್ಪುಶಕ್ತಿ ಎಂಬುದು ಇಂದಿನ ಲೆಕ್ಕ.

5. ಕೋಲಾರದ ಪಾಠ

ಈ ಕಣಗಳ ಅರಿವಿಗೆ ಕರ್ನಾಟಕದ ಒಂದು ಗಣಿಯೂ ನೆರವಾಗಿದೆ. ಕೋಲಾರ ಚಿನ್ನದ ಗಣಿಯ ಆಳದಲ್ಲಿ ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆಯ ವಿಜ್ಞಾನಿಗಳು 1950ರ ದಶಕದಿಂದ ವಿಶ್ವಕಿರಣಗಳ ಅಧ್ಯಯನ ನಡೆಸಿದರು. ಮೇಲಿನ ಬಂಡೆಯು ಇತರ ಕಣಗಳನ್ನು ತಡೆಯುವುದರಿಂದ, ಯಾವುದನ್ನೂ ಲೆಕ್ಕಿಸದೆ ಹಾದುಬರುವ ನ್ಯೂಟ್ರಿನೊಗಳನ್ನು ಅಲ್ಲಿ ಗುರುತಿಸಬಹುದಾಗಿತ್ತು. 1965ರಲ್ಲಿ, ಸುಮಾರು 2.3 ಕಿಲೋಮೀಟರ್ ಆಳದಲ್ಲಿ, ಜಪಾನಿನ ಒಸಾಕಾ ಹಾಗೂ ಇಂಗ್ಲೆಂಡಿನ ಡರ್ಹಮ್ ವಿಶ್ವವಿದ್ಯಾಲಯಗಳ ಸಹಯೋಗದಿಂದ, ವಾತಾವರಣದಲ್ಲಿ ಹುಟ್ಟಿದ ನ್ಯೂಟ್ರಿನೊಗಳ ಕುರುಹು ಇಲ್ಲಿ ದೊರೆಯಿತು. ಅದೇ ವರ್ಷ ದಕ್ಷಿಣ ಆಫ್ರಿಕದ ಚಿನ್ನದ ಗಣಿಯೊಂದರಲ್ಲಿಯೂ ಇಂತಹ ಪತ್ತೆ ನಡೆಯಿತು.

ನಮ್ಮ ಚರ್ಚೆಗೆ ಇನ್ನೂ ಮುಖ್ಯವಾದುದು ಇದೇ ಗಣಿಯ ಎರಡನೆಯ ಪ್ರಯೋಗ. ಪ್ರೋಟಾನ್ ಕೂಡ ಎಂದಾದರೊಂದು ದಿನ ಒಡೆದುಹೋಗುತ್ತದೆಂದು ಕೆಲವು ಸಿದ್ಧಾಂತಗಳು ಹೇಳಿದ್ದವು. ಅದನ್ನು ಪರೀಕ್ಷಿಸಲು 1980ರ ದಶಕದಲ್ಲಿ ಕೋಲಾರದಲ್ಲಿ ಕಬ್ಬಿಣದ ದೊಡ್ಡ ಶೋಧಕವನ್ನು ಇಡಲಾಯಿತು. ಪ್ರೋಟಾನ್ ಕ್ಷಯವಿರಬಹುದಾದ ಕೆಲವು ಘಟನೆಗಳನ್ನು ಆ ತಂಡವು ವರದಿ ಮಾಡಿತು. ಆದರೆ ಬೇರೆಡೆಯ ಹೆಚ್ಚು ದೊಡ್ಡ ಶೋಧಕಗಳಲ್ಲಿ ಅದು ಸಮರ್ಥನೆ ಪಡೆಯಲಿಲ್ಲ. ಪ್ರೋಟಾನ್ ಒಡೆಯುವುದಾದರೂ ಅದರ ಸರಾಸರಿ ಆಯುಸ್ಸು 1ರ ಮುಂದೆ 34 ಸೊನ್ನೆಗಳಷ್ಟು ವರ್ಷಗಳಿಗಿಂತ ಹೆಚ್ಚಿರಬೇಕೆಂದು ಜಪಾನಿನ ಪ್ರಯೋಗಗಳು ತೋರಿಸಿವೆ. 2001ರಲ್ಲಿ ಗಣಿಯೂ ಮುಚ್ಚಿತು.

ಇದನ್ನು ಸೋಲಿನ ಕಥೆಯೆಂದು ಓದಬಾರದು. ಭೌತವಿಜ್ಞಾನದ ಮಾತು ತಪ್ಪಾಗಬಹುದಾದ ಮಾತು. ತಪ್ಪಾದರೆ ಹೇಗೆ ತಿಳಿಯುತ್ತದೆಂಬುದನ್ನೂ ಅದು ಮೊದಲೇ ಹೇಳಿರುತ್ತದೆ. ಕ್ವಾರ್ಕ್, ಎಲೆಕ್ಟ್ರಾನ್‌ಗಳಲ್ಲಿ ವಿಭಜನೆ ನಿಂತಿರುವುದು ಅಲ್ಲಿಂದ ಮುಂದೆ ಒಳರಚನೆಯ ಕುರುಹು ಈವರೆಗೆ ಸಿಕ್ಕಿಲ್ಲವೆಂಬ ಕಾರಣಕ್ಕೆ ಮಾತ್ರ. ನಾಳೆ ಸಿಕ್ಕಿದರೆ ಗೆರೆಯು ಕೆಳಗಿಳಿಯುತ್ತದೆ.

6. ಭಟ್ಟಿಯ ಬೆಂಕಿ, ಗೋಗಿಯ ನೀರು

ಈ ಪದರುಗಳ ವ್ಯತ್ಯಾಸವು ಗ್ರಂಥಾಲಯದ ವಿಷಯ ಮಾತ್ರವಲ್ಲ. ಸುಣ್ಣದ ಭಟ್ಟಿಯಲ್ಲಿ ಸುಮಾರು 900 ಡಿಗ್ರಿ ಉಷ್ಣತೆಯಲ್ಲಿ 100 ಕಿಲೋ ಶುದ್ಧ ಸುಣ್ಣದಕಲ್ಲನ್ನು ಸುಟ್ಟರೆ 56 ಕಿಲೋ ಸುಟ್ಟಸುಣ್ಣ ಉಳಿದು, 44 ಕಿಲೋ ಇಂಗಾಲದ ಡೈಆಕ್ಸೈಡ್ ಗಾಳಿಗೆ ಸೇರುತ್ತದೆ. ಅದಕ್ಕೆ ನೀರು ಹಾಕಿ ಅರಳಿಸಿ ಗೋಡೆಗೆ ಹಚ್ಚಿದರೆ, ಅದು ಅದೇ ಅನಿಲವನ್ನು ನಿಧಾನವಾಗಿ ಹೀರಿ ಮತ್ತೆ ಕಲ್ಲಾಗುತ್ತದೆ. ಸಿಮೆಂಟಿನ ಕುಲುಮೆಯು ಸುಮಾರು 1,450 ಡಿಗ್ರಿಗೆ ಏರುತ್ತದೆ. ಆದರೂ ಈ ಯಾವ ಬೆಂಕಿಯೂ ಬೀಜಕೇಂದ್ರವನ್ನು ಮುಟ್ಟಲಾರದು. ಅದು ಬದಲಿಸುವುದು ಹೊರಗಿನ ಎಲೆಕ್ಟ್ರಾನ್‌ಗಳ ಜೋಡಣೆಯನ್ನು ಮಾತ್ರ. ಬೀಜಕೇಂದ್ರದ ಬದಲಾವಣೆಗಳಲ್ಲಿ ಅಡಕವಾದ ಶಕ್ತಿಯು ಅದಕ್ಕಿಂತ ಹತ್ತಾರು ಲಕ್ಷ ಪಟ್ಟು ಹೆಚ್ಚಿನದು.

ಇದೇ ಭೀಮಾ ಶಿಲಾಸಮೂಹವು ದಕ್ಷಿಣಕ್ಕೆ ಮುಂದುವರಿದು, ಹಿಂದೆ ಈ ಜಿಲ್ಲೆಯ ಭಾಗವಾಗಿದ್ದ ಯಾದಗಿರಿಯನ್ನು ತಲುಪುತ್ತದೆ. ಅಲ್ಲಿನ ಶಹಾಪುರ ತಾಲ್ಲೂಕಿನ ಗೋಗಿಯ ಬಳಿ, ಸುಣ್ಣದಕಲ್ಲಿನಲ್ಲಿಯೂ ಅದರ ತಳದ ಗ್ರಾನೈಟಿನಲ್ಲಿಯೂ ಯುರೇನಿಯಂ ಅದಿರು ಪತ್ತೆಯಾಗಿದೆ. ಗಣಿಗಾರಿಕೆಯ ಪ್ರಸ್ತಾವಕ್ಕೆ ಆ ಭಾಗದ ಜನರಿಂದ ವಿರೋಧವೂ ಬಂದಿದೆ. ಯುರೇನಿಯಂನ ಬೀಜಕೇಂದ್ರವು ಯಾವ ಬೆಂಕಿಯ ಹಂಗೂ ಇಲ್ಲದೆ ತಾನೇ ಒಡೆಯುತ್ತದೆ. ಅದರ ಮುಖ್ಯ ರೂಪದ ಅರ್ಧ ಭಾಗವು ಕ್ಷಯಿಸಲು ಸುಮಾರು 447 ಕೋಟಿ ವರ್ಷಗಳು ಬೇಕು. ಈ ಸರಣಿಯು ರೇಡಿಯಂ, ರೇಡಾನ್‌ಗಳ ಮೂಲಕ ಸಾಗಿ ಸೀಸದಲ್ಲಿ ಮುಗಿಯುತ್ತದೆ.

ಇಲ್ಲಿ ಪದಗಳ ಗೊಂದಲವು ಬದುಕಿನ ಪ್ರಶ್ನೆಯಾಗುತ್ತದೆ. ಪಠ್ಯಪುಸ್ತಕದಲ್ಲಿ ಅಣುವೆಂದರೆ ಪರಮಾಣುಗಳ ಕೂಟ. ಆದರೆ 'ಅಣುಬಾಂಬು', 'ಅಣುಶಕ್ತಿ' ಎನ್ನುವಾಗ ಅಣುವು ಬೀಜಕೇಂದ್ರವನ್ನು ಸೂಚಿಸುತ್ತದೆ. ಭಜನೆಯಲ್ಲಿ ಅದೇ ಅಣು ದೇವರ ಇರುವಿಕೆಯ ಅಳತೆ. ಒಂದೇ ಪದಕ್ಕೆ ಮೂರು ಆಳಗಳು. ಹೀಗಿರುವಾಗ ಅಣುವಿನ ಗಣಿ ಎಂದೊಡನೆ ಬಾಂಬಿನ ನೆನಪಾಗುವುದು ಸಹಜ. ಕುಡಿಯುವ ನೀರಿನಲ್ಲಿ ಕರಗಿದ ಯುರೇನಿಯಂನ ಮುಖ್ಯ ಅಪಾಯವಾದರೋ ವಿಕಿರಣದ್ದಲ್ಲ. ಅದು ಭಾರಲೋಹದಂತೆ ಮೂತ್ರಪಿಂಡಕ್ಕೆ ಮಾಡುವ ರಾಸಾಯನಿಕ ಹಾನಿ, ಅಂದರೆ ಎಲೆಕ್ಟ್ರಾನ್ ಪದರಿನ ಕೆಲಸ. ಒಂದು ಲೀಟರ್ ನೀರಿನಲ್ಲಿ 30 ಮೈಕ್ರೋಗ್ರಾಂ ಮೀರಬಾರದೆಂಬ ವಿಶ್ವ ಆರೋಗ್ಯ ಸಂಸ್ಥೆಯ ಮಾರ್ಗಸೂಚಿಯೂ ಈ ರಾಸಾಯನಿಕ ಹಾನಿಯನ್ನು ಆಧರಿಸಿದುದು. ನೀರನ್ನು ಕುದಿಸಿದರೆ ಯುರೇನಿಯಂ ಹೋಗುವುದಿಲ್ಲ; ನೀರು ಆವಿಯಾದಷ್ಟೂ ಅದರ ಪ್ರಮಾಣ ಹೆಚ್ಚುತ್ತದೆ. ಒಲೆಯ ಬೆಂಕಿ ಕೊಲ್ಲುವುದು ಕ್ರಿಮಿಗಳನ್ನು, ಮೂಲವಸ್ತುಗಳನ್ನಲ್ಲ. 'ಬೆಂಕಿ ಎಲ್ಲವನ್ನೂ ಶುದ್ಧಮಾಡುತ್ತದೆ' ಎಂಬ ಜನಪದ ನಂಬಿಕೆಯನ್ನು ಗೌರವದಿಂದ ದಾಖಲಿಸುವ ನಾವು ಈ ವ್ಯತ್ಯಾಸವನ್ನು ಹೇಳದೆ ಬಿಡುವಂತಿಲ್ಲ.

7. ಸಮೀಕರಣದ ತೊಡಕು

ಸ್ನಿಗ್ಧ-ರೂಕ್ಷಗಳೆಂದರೆ ಧನ-ಋಣ ವಿದ್ಯುದಂಶಗಳೆಂದೂ ಪಂಚಭೂತಗಳೆಂದರೆ ದ್ರವ್ಯದ ಸ್ಥಿತಿಗಳೆಂದೂ ಬರೆಯುವುದು ಸುಲಭ. ನನ್ನ ಆರಂಭದ ಸಂಗ್ರಹಕಾರ್ಯದಲ್ಲಿ ನಾನೂ ಇಂತಹ ಅಡಿಟಿಪ್ಪಣಿಗಳನ್ನು ಬರೆದಿದ್ದೆ. ಮುಂದೆ ಒಂದು ಭಜನಾಮೇಳದಲ್ಲಿ ಗಾಯಕರೊಬ್ಬರು ಪದದ ಅರ್ಥವನ್ನು ನನ್ನ ಟಿಪ್ಪಣಿಯ ಮಾತುಗಳಲ್ಲಿಯೇ, ಗುರುಗಳಿಂದ ಬಂದ ಅರ್ಥವೆಂಬಂತೆ, ವಿವರಿಸಿದರು. ಅದನ್ನು ಧ್ವನಿಮುದ್ರಿಸಿಕೊಳ್ಳುತ್ತಿದ್ದ ಕಿರಿಯ ಸಂಶೋಧಕರು ಪರಂಪರಾಗತ ವ್ಯಾಖ್ಯಾನವೆಂದೇ ಬರೆದುಕೊಂಡರು. ಗಾಯಕರ ತಪ್ಪು ಅಲ್ಲಿರಲಿಲ್ಲ. ಅಚ್ಚಿನ ಮಾತು ಬಾಯಿಗೆ ಬಂದು, ಬಾಯಿಯ ಮಾತು ಮತ್ತೆ ದಾಖಲೆಯಾಗುವ ಈ ಮರುಹರಿವು ನಮ್ಮ ಕ್ಷೇತ್ರಕಾರ್ಯದ ಆಧಾರವನ್ನೇ ಸಡಿಲಿಸುತ್ತದೆ.

ಸಮೀಕರಣವು ಆಯಾ ಪಠ್ಯದ ನಿಯಮಕ್ಕೂ ಒಪ್ಪುವುದಿಲ್ಲ. ಜೈನಶಾಸ್ತ್ರದಂತೆ ಅಂಶಗಳ ಅಂತರವಿದ್ದರೆ ಸ್ನಿಗ್ಧವು ಸ್ನಿಗ್ಧದೊಡನೆಯೂ ಬೆಸೆಯಬಲ್ಲುದು. ವಿದ್ಯುದಂಶಗಳಲ್ಲಿ ಸಜಾತೀಯಗಳು ದೂರ ಸರಿಯುತ್ತವೆ. ಪಂಚೀಕರಣದಲ್ಲಿ ಪ್ರತಿಯೊಂದರಲ್ಲಿಯೂ ಎಲ್ಲವೂ ಇರುತ್ತವೆ; ಎಲೆಕ್ಟ್ರಾನಿನಲ್ಲಿ ಕ್ವಾರ್ಕ್ ಇರುವುದಿಲ್ಲ. ಪಠ್ಯವನ್ನು ವಿಜ್ಞಾನಕ್ಕೆ ಹೊಂದಿಸಲು ಹೊರಟರೆ ಮೊದಲು ಕಳೆದುಕೊಳ್ಳುವುದು ಪಠ್ಯದ ಸ್ವಂತ ತರ್ಕವನ್ನೇ. ನಾಳೆ ವಿಜ್ಞಾನ ಬದಲಾದಾಗ ಅದಕ್ಕೆ ಕಟ್ಟಿದ ಪರಂಪರೆಯೂ ಅದರೊಡನೆ ಬೀಳಬೇಕಾಗುತ್ತದೆ.

ಆದಕಾರಣ ಸಂಗ್ರಹಕಾರರು ಮೂರು ಎಚ್ಚರಗಳನ್ನು ಪಾಲಿಸಬೇಕಾಗಿದೆ. ಗಾಯಕರು ಹೇಳಿದ ಅರ್ಥವನ್ನೂ ಸಂಪಾದಕರ ಟಿಪ್ಪಣಿಯನ್ನೂ ಬೇರೆ ಬೇರೆಯಾಗಿ ಅಚ್ಚಿಸಬೇಕು. ಅರ್ಥವು ಗುರುವಿನಿಂದ ಬಂದುದೋ, ಪುಸ್ತಕ, ಆಕಾಶವಾಣಿಗಳಿಂದ ಬಂದುದೋ ಎಂಬುದನ್ನು ಕೇಳಿ ದಾಖಲಿಸಬೇಕು. ಅಣು, ಪರಮಾಣು, ತತ್ತ್ವ, ಭೂತ ಎಂಬ ಪದಗಳು ಬಂದಲ್ಲೆಲ್ಲ ಯಾವ ಪರಂಪರೆಯ ಪದವೆಂಬುದನ್ನು ಪದಕೋಶದಲ್ಲಿ ಸೂಚಿಸಬೇಕು.

8. ಸಮಾರೋಪ

ಶಹಾಬಾದದ ಕಲ್ಲುಕೆಲಸದವರ ವಿಭಜನೆಯು ನೆಲಕ್ಕೆ ಹಾಸುವಷ್ಟು ದಪ್ಪದ ಫರಸಿಯಲ್ಲಿ ನಿಲ್ಲುತ್ತದೆ. ಅದಕ್ಕಿಂತ ತೆಳುವಾದರೆ ಕಾಲಿಟ್ಟಲ್ಲಿ ಒಡೆಯುತ್ತದೆ. ಮಳಖೇಡದ ಆಚಾರ್ಯರದು ಪರಮಾಣುವಿನಲ್ಲಿ ನಿಂತಿತು, ಜೀವನಿಗೆ ಅಂಟಿದುದನ್ನು ಬಿಡಿಸುವುದಕ್ಕಾಗಿ. ತತ್ತ್ವಪದಕಾರರದು ಐದರಲ್ಲಿ ನಿಂತಿತು, ದೇಹದ ಅಭಿಮಾನವನ್ನು ಕಳೆಯುವುದಕ್ಕಾಗಿ. ಭೌತವಿಜ್ಞಾನಿಗಳದು ಸದ್ಯಕ್ಕೆ ಕ್ವಾರ್ಕ್, ಎಲೆಕ್ಟ್ರಾನ್‌ಗಳಲ್ಲಿ ನಿಂತಿದೆ, ಉಪಕರಣವು ಅಲ್ಲಿಂದಾಚೆಗೆ ಇನ್ನೂ ಏನನ್ನೂ ಕಂಡಿಲ್ಲವೆಂಬುದಕ್ಕಾಗಿ. ಇವುಗಳನ್ನು ಬೆಸೆಯುವುದು ಉತ್ತರಗಳ ಸಾಮ್ಯವಲ್ಲ, ಕೈಯಲ್ಲಿರುವುದನ್ನು ಒಡೆದು ನೋಡಬೇಕೆಂಬ ಪ್ರಶ್ನೆ. ಒಂದು ನೆಲದ ಜನ ಒಂದೇ ಕಲ್ಲಿನ ಮುಂದೆ ನಿಂತು ಇಷ್ಟು ಬಗೆಯಾಗಿ ಕೇಳಿದರೆಂಬುದೇ ಆ ನೆಲದ ಹಿರಿಮೆ. ಆ ಕೇಳಿಕೆಗಳನ್ನು ಒಂದರೊಳಗೊಂದು ಕಲಸದೆ, ಅವುಗಳ ಹೆಸರಿನೊಡನೆ, ಅವುಗಳ ಕಾರಣದೊಡನೆ ಮುಂದಿನವರಿಗೆ ಒಪ್ಪಿಸುವುದು ನಮ್ಮ ಕರ್ತವ್ಯ. ಸಾವಿರ ವರ್ಷಗಳ ಹಿಂದೆ ನಾಗಾವಿಯ ಸರಸ್ವತೀ ಭಂಡಾರಿಗರು ಕಾಯ್ದುಕೊಂಡು ಬಂದುದೂ ಇದನ್ನೇ.